ಹಾರ ಹಾಕಿದವನು

ಚಿತ್ರ ಸಂಗ್ರಹಾಲಯದ ಪರದೆಯ ಮೇಲೆ ನಲವತ್ತು ವರ್ಷಗಳ ಹಿಂದಿನ ಗಿರಣಿ ಮುಷ್ಕರದ ಚಿತ್ರ ಓಡುತ್ತಿತ್ತು. ಒಬ್ಬಾತ ಕ್ಯಾಮೆರಾಗೆ ಬೆನ್ನು ಮಾಡಿ ನಿಂತು ಮುಖಂಡ ಫಕೀರಪ್ಪನ ಕೊರಳಿಗೆ ಹಾರ ಹಾಕಿದ. ಮರುಕ್ಷಣವೇ ಪೊಲೀಸರ ಗುಂಡು ತಗುಲಿ ಫಕೀರಪ್ಪ ಬಿದ್ದ.

"ನಿಲ್ಲಸ್ರೀ! ಆ ಬೆನ್ನು ನಂದ," ಎಂದ ಅದನ್ನು ನೋಡಲು ಬಂದಿದ್ದ ಮುದುಕ. "ಅಂಗಿ ಮ್ಯಾಲಿನ ತ್ಯಾಪಿ ನೋಡ್ರಿ. ಹೋರಾಟಗಾರರ ಸನ್ಮಾನಕ್ಕ ಪುರಾವೆ ಬೇಕಂತ."

"ಮುಖ ಕಾಣಂಗಿಲ್ಲಲ್ರೀ ಅಜ್ಜಾರ," ಎಂದಳು ಅಲ್ಲಿನ ಅಧಿಕಾರಿ. "ಬ್ಯಾರೆ ಯಾರರ ಇರಬಹುದು."

"ದೇವರಾಣಿ ನಾನ! ಹಾರ ತಂದಾಂವ ನಾನ, ಹಾಕಿದಾಂವ ನಾನ."

"ಹಂಗಾದ್ರ ಅದನ್ನ ಬರದು ಸಹಿ ಮಾಡ್ರಿ."

ಅವನು ಹಿಗ್ಗಿನಿಂದ ಬರೆದು ಸಹಿ ಮಾಡಿದ. ಅವಳು ಎರಡು ಸಲ ಓದಿ, ಕಾಗದವನ್ನು ಬೀರುವಿನಲ್ಲಿಟ್ಟು ಕೀಲಿ ಹಾಕಿದಳು.

"ಸನ್ಮಾನ ಯಾವಾಗ್ರಿ?"

"ಲಗೂನ. ಅವತ್ತ ನಿಮಗ ಹಾರ ನಾನ ಹಾಕತೀನ್ರಿ. ನಾ ಫಕೀರಪ್ಪನ ಮಗಳು."

ಮುದುಕನ ನಗೆ ಅರ್ಧಕ್ಕೇ ನಿಂತಿತು.

"ಹಾರ ಬಿದ್ದ ಕೊರಳಿನಾಂವಗ ಗುಂಡು ಹೊಡೀರಿ ಅಂತ ಪೊಲೀಸರಿಗೆ ಮೊದಲ ಹೇಳಿಟ್ಟಿದ್ರಂತ. ಗುಂಡು ಹೊಡದ ಪೊಲೀಸಾಂವ, ತಾ ಸಾಯೋ ಮುಂದ, ಇದನ್ನ ನಮ್ಮವ್ವಗ ಹೇಳಿದ. ಹಾರ ಹಾಕಿದಾಂವನ ಹೆಸರೊಂದ ಅವಗ ಗೊತ್ತಿರಲಿಲ್ಲ."