ಕೈಲಾಸಕ್ಕೊಂದು ಏಣಿ

೧೯೮೪ರ ಫೆಬ್ರವರಿ ೧೨, ಭಾನುವಾರ. ಪ್ರಾಣೇಶನ ಬಳಿ ಉಳಿದಿದ್ದ ಫಿಲ್ಮು ನೂರು ಅಡಿ. ಅಂದರೆ ಎರಡು ನಿಮಿಷ ನಲವತ್ತಾರು ಸೆಕೆಂಡು. ಅಷ್ಟರೊಳಗೆ ಅವನ ಮೊದಲ ಚಿತ್ರದ ಕೊನೆಯ ದೃಶ್ಯ ಮುಗಿಯಬೇಕಿತ್ತು. ಕಥೆ, ನಿರ್ದೇಶನ, ನಿರ್ಮಾಣ ಮೂರೂ ಅವನದೇ ಆಗಿದ್ದರಿಂದ ಇನ್ನಷ್ಟು ಫಿಲ್ಮು ಕೊಡಿಸಿ ಎಂದು ಕೇಳಲು ಬೇರೆ ಯಾರೂ ಇರಲಿಲ್ಲ.

ದೃಶ್ಯ ಸರಳ. ಸನತ್‌ನಗರದ ಕಾರ್ಖಾನೆ ಕ್ವಾರ್ಟರ್ಸಿನ ಅಂಗಳದಲ್ಲಿ ಹಿರಿಯನೊಬ್ಬನ ಶವ, ಸುತ್ತ ಮೌನ, ಬೇರೇನೂ ಇಲ್ಲ. ಶವದ ಪಾತ್ರಕ್ಕೆ ನಿವೃತ್ತ ಫೋರ್‌ಮನ್ ಅಮರೇಶಪ್ಪ ಒಪ್ಪಿದ್ದರು. ಮಲಗಲು ಮಾತ್ರ ಒಪ್ಪಲಿಲ್ಲ.

“ನಮ್ಮ ಲಿಂಗಾಯತರೊಳಗ ಸತ್ತವರು ಕುಂಡರತಾರ, ತಮ್ಮಾ. ನಾ ಮಲಗಿದ್ದು ನೋಡಿದರ ಬೀಗರು ಏನಂದಾರು?”

ಪ್ರಾಣೇಶ ಸೋತ. ಅಮರೇಶಪ್ಪ ಹಣೆತುಂಬ ವಿಭೂತಿ ಬಳಿದುಕೊಂಡು, ಹಾರ ಹಾಕಿಕೊಂಡು, ಗೋಡೆಗೆ ಒರಗಿ ಕುಳಿತು ಕಣ್ಣು ಮುಚ್ಚಿದರು. ಬೇವಿನ ಮರದ ಮರೆಯಲ್ಲಿ, ಅಮರೇಶಪ್ಪನವರ ಮನೆಯಿಂದ ತಂದಿದ್ದ, ಒಂದು ಕಾಲು ಗಿಡ್ಡವಾದ ಏಣಿಯ ಮೇಲೆ ನಿಂತಿದ್ದ ಛಾಯಾಗ್ರಾಹಕ ಬಂಡೆಪ್ಪ ಕ್ಯಾಮೆರಾ ಚಾಲೂ ಮಾಡಿದ. ಧ್ವನಿಮುದ್ರಣದ ಟೇಪೂ ತಿರುಗತೊಡಗಿತು.

ಅದೇ ಹೊತ್ತಿಗೆ ಪಕ್ಕದ ಮನೆಯ ಉಮಾಬಾಯಿ ತವರಿನಿಂದ ಮರಳಿದಳು. ಚಿತ್ರೀಕರಣದ ಸುದ್ದಿ ಅವಳಿಗೆ ತಿಳಿದಿರಲಿಲ್ಲ. ಚೀಲ ಕೈಬಿಟ್ಟು, ಶವದ ಮುಂದೆ ಕುಸಿದು, ತನ್ನೂರಿನ ಪದ್ಧತಿಯಂತೆ ಸತ್ತವರ ಗುಣಗಳನ್ನು ಒಂದೊಂದಾಗಿ ಎತ್ತಿ ಹಾಡಿ ಅಳತೊಡಗಿದಳು. ಪ್ರಾಣೇಶನ ಕಣ್ಣೂ ಒದ್ದೆಯಾಯಿತು. ನಿಲ್ಲಿಸಬೇಡ ಎಂದು ಬಂಡೆಪ್ಪನಿಗೆ ಕೈಸನ್ನೆ ಮಾಡಿದ. ಅಮರೇಶಪ್ಪನವರ ಗುಣಗಳು ಬೇಗನೆ ಮುಗಿದವು. ಆಗ ಅವಳ ಹಾಡು ಏಣಿಯ ವಿಷಯಕ್ಕೆ ಬಂತು.

“ದೀಪಾವಳಿಗೆ ಒಯ್ದ ಏಣಿ ತಿರುಗಿ ಕೊಡಲಿಲ್ಲಲ್ಲೋ ಅಣ್ಣಾ… ಇರಲಿ, ನೀನೇ ಇಟ್ಟುಕೋ… ಕೈಲಾಸಕ್ಕ ಹತ್ತಾಕ ಬೇಕಾಗತೈತೋ ಅಣ್ಣಾ…”

ಶವ ಒಂದು ಕಣ್ಣು ತೆರೆಯಿತು.

“ಪ್ರಾಣೇಶ, ಟೇಪಿನ್ಯಾಗ ಬಂತಿಲ್ಲೋ? ಏಣಿ ನನಗ ಕೊಟ್ಟಾಳ.”

ಅಳು ನಿಂತಿತು. ಉಮಾಬಾಯಿ ಶವವನ್ನು ನೋಡಿದಳು, ಟೇಪನ್ನು ನೋಡಿದಳು, ಮರದ ಮರೆಯಲ್ಲಿದ್ದ ತನ್ನ ಏಣಿಯನ್ನೂ ಗುರುತಿಸಿದಳು. ಸೆರಗಿನಿಂದ ಮೂಗೊರೆಸಿಕೊಂಡು ಎದ್ದಳು.

“ಕೊಟ್ಟಿದ್ದು ಸತ್ತವರಿಗ್ರಿ. ಜೀವಂತ ಇರೋತನಕ ಏಣಿ ನಂದು. ಮೊದಲು ಸಾಯೋದು ಮುಗಿಸಿ ಬರ್ರಿ, ಆಮ್ಯಾಲ ನೋಡೋಣು.”

ಫಿಲ್ಮು ಅಲ್ಲಿಗೆ ಮುಗಿಯಿತು. ಅವಳು ಆಗಲೇ ಏಣಿಗೆ ಕೈಹಚ್ಚಿ ಎಳೆಯುತ್ತಿದ್ದಳು. ಮೇಲೆ ಬಂಡೆಪ್ಪ ಕ್ಯಾಮೆರಾವನ್ನು ಕೂಸಿನಂತೆ ಎದೆಗೆ ಅವಚಿಕೊಂಡು ತೂಗಾಡುತ್ತಿದ್ದ. ಚಿತ್ರದ ಮುಕ್ತಾಯ ಈಗ ಕ್ಯಾಮೆರಾದೊಳಗಿತ್ತು. ಬರೆದಿಟ್ಟದ್ದು ಇನ್ನು ಬೇಕಿರಲಿಲ್ಲ. ಪ್ರಾಣೇಶ ಚಿತ್ರಕಥೆಯ ಕೊನೆಯ ಹಾಳೆಯನ್ನು ಹರಿದು, ನಾಲ್ಕಾಗಿ ಮಡಚಿ, ಏಣಿಯ ಗಿಡ್ಡ ಕಾಲಿನ ಕೆಳಗೆ ತುರುಕಿದ.

ಬಂಡೆಪ್ಪ ಇಳಿದ. ಏಣಿ ಮನೆ ಸೇರಿತು.