ಅಪ್ಪನ ಪಾಲಿನ ಟ್ರೆಹಲೋಸ್

ಬೇಸಿಗೆಯಲ್ಲಿ ನೀರು ಸಾಲದ್ದರಿಂದ ಆ ಊರಲ್ಲಿ ಮನೆಗೊಬ್ಬರು ಒಣಗಿ ಅಟ್ಟ ಸೇರಿ, ಮಳೆ ಬಂದಾಗ ನೀರಲ್ಲಿ ನೆನೆದು ಮತ್ತೆ ಏಳುವುದು ರೂಢಿ. ಅದಕ್ಕೆ ಮೊದಲು ತಿಂಗಳಿಡೀ ಟ್ರೆಹಲೋಸ್ ಎಂಬ ಸಕ್ಕರೆ ಕುಡಿಯಬೇಕು. ಒಣಗಿದ ಜೀವಕೋಶ ಒಡೆಯದಂತೆ ಕಾಯುವುದು ಅದೊಂದೇ.

ಮೊದಲ ಮಳೆ ಬಿದ್ದೊಡನೆ ನೀಲವ್ವ ಗಂಡ ಫಕೀರಪ್ಪನನ್ನು ಅಟ್ಟದಿಂದ ಇಳಿಸಿ ನೀರಿನ ತೊಟ್ಟಿಯಲ್ಲಿ ಮಲಗಿಸಿದಳು. ಪಕ್ಕದ ಮನೆಯ ಮುದುಕಿ ಆಗಲೇ ಎದ್ದು ಚಹಾ ಕೇಳುತ್ತಿದ್ದಳು. ಫಕೀರಪ್ಪ ಸಂಜೆಯಾದರೂ ಅಲುಗಲಿಲ್ಲ. ಮುಟ್ಟಿದಲ್ಲಿ ಚರ್ಮ ನೆನೆದ ಕಾಗದದಂತೆ ಕಿತ್ತು ಬಂತು.

"ಇವರು ಸಕ್ಕರಿ ಸರಿಯಾಗಿ ಕುಡದಿಲ್ಲೇನು?" ಎಂದು ನೀಲವ್ವ ಗೊಣಗಿದಳು.

"ನನಗ ಅರ್ಧಾ ಸಾಕು ಅಂತ ಅಪ್ಪ ಉಳದದ್ದು ನನಗ ಕುಡಸ್ತಿದ್ದ, ಅವ್ವಾ. ಭಾಳ ಸಿಹಿ ಇತ್ತು," ಎಂದಳು ಮಗಳು ಕಲ್ಲವ್ವ. "ಯಾವಾಗ ಏಳ್ತಾನ?"

ನೀಲವ್ವ ತೊಟ್ಟಿಗೆ ಸೀರೆ ಹೊದಿಸಿದಳು.

"ಈ ವರ್ಷದ ನೀರಾಗ ಕಸುವಿಲ್ಲ, ಮಗಳ."