ಹೊತ್ತು ನೆತ್ತಿಗೆ ಬರುವತನಕ

ಮಗ್ಗದಿಂದ ಎದ್ದು ಮೊಣಕಾಲಿಗೆ ಲಕ್ಕಿ ಗಿಡದ ತಪ್ಪಲಿನ, ಅಂದರೆ ಎಲೆಯ, ಕಾವು ಕೊಟ್ಟುಕೊಳ್ಳುವಾಗಲೆಲ್ಲ ಅದರ ಘಾಟು ನನ್ನನ್ನು ಬಾದಾಮಿ ಗುಡ್ಡದ ಒಂದು ಬೇಸಿಗೆಗೆ ಒಯ್ಯುತ್ತದೆ.

ಅಪ್ಪನ ಮೊಣಕಾಲು ಬಾತು, ಮಗ್ಗದ ಕುಣಿಗೆ ಕಾಲಿಳಿಸಲಾಗದೆ ಸೀರೆ ಅರ್ಧಕ್ಕೇ ನಿಂತಿತ್ತು. ಗುಡ್ಡದ ಲಕ್ಕಿಗೇ ಗುಣ ಹೆಚ್ಚೆಂದು ಅಪ್ಪನ ತಾಯಿ, ನಮ್ಮ ಆಯಿ, ಇಳಕಲ್ಲಿನಿಂದ ನನ್ನನ್ನು ಕರೆದುಕೊಂಡು ಹೋದಳು. ಗಿಡದ ಮುಂದೆ ಬಗ್ಗಿ, ಅಪ್ಪನ ಹೆಸರು ಹೇಳಿ ಬೇಡಿಕೊಂಡಳು. ಅಷ್ಟರಲ್ಲಿ ನಾನು ಮುಂದೆ ಬಂದೆ. ನನ್ನ ನೆರಳು ಗಿಡದ ಮೇಲೆ ಬಿತ್ತು.

"ಸರಿಯಲೇ. ನೆರಳು ಬಿದ್ದ ತಪ್ಪಲದಾಗ ಗುಣ ಇರೂದಿಲ್ಲ."

"ಬ್ಯಾರೆ ಗಿಡ ಅದಾವಲ್ಲ, ಆಯಿ."

"ನಿಮ್ಮಪ್ಪನ ಹೆಸರು ಇದಕ್ಕ ಹೇಳೀನಿ. ಒಬ್ಬರ ಮನಿಗೆ ಉಣ್ಣಾಕ ಬರ್ತೇನಿ ಅಂತ ಹೇಳಿ, ಇನ್ನೊಬ್ಬರ ಮನ್ಯಾಗ ಉಣ್ತಾರೇನು? ಹೊತ್ತು ನೆತ್ತಿಗೆ ಬರಲಿ, ನೆರಳಿನ ದೋಷ ಕಳೀತೈತಿ."

ಚಾಚಿದ ಬಂಡೆಯ ಕೆಳಗೆ ಕುಳಿತೆವು. ತಲೆ ಎತ್ತಿದರೆ ಕಲ್ಲಿನ ಮೇಲೆ ಕೆಂಪು ಬಣ್ಣದ ಜಿಂಕೆಗಳು, ಕಡ್ಡಿಯಂಥ ಮನುಷ್ಯರು.

"ಇವನ್ನ ಯಾರು ಬರದಾರ?"

"ಭಾಳ ಹಿಂದಿನವರು. ಅವರೂ ಹಿಂಗ ಹೊತ್ತು ಕಾಯಕೋತ ಕುಂತಿರಬೇಕು. ಬ್ಯಾಸರಾಗಿ ಗೀಚ್ಯಾರ."

ಮಂಗಗಳ ಗದ್ದಲ ಅಡಗಿತು. ನವಿಲೂ ಸುಮ್ಮನಾಯಿತು. ಎದುರಿನ ಕಲ್ಲಿನ ಮೇಲೆ ಒಂದು ಉಡ ಕಣ್ಣು ಮಿಟುಕಿಸದೆ ಕುಳಿತಿತ್ತು. ಇಡೀ ಗುಡ್ಡವೇ ನಮ್ಮ ಜೊತೆ ಕಾಯುತ್ತಿದೆ ಅನಿಸಿತು.

ಕೊನೆಗೆ ಆಯಿ ಎದ್ದು ಸೆರಗೊಡ್ಡಿದಳು. ಅವಳು ಒಂದೊಂದೇ ಎಲೆ ಬಿಡಿಸುವತನಕ ನಾನು ಉಸಿರು ಬಿಗಿಹಿಡಿದು, ಅಂಗೈಯಗಲದ ನನ್ನ ನೆರಳನ್ನು ಎರಡೂ ಕಾಲಿನಿಂದ ಅದುಮಿ ನಿಂತಿದ್ದೆ.